ಬತ್ತಾ ಇತ್ತ್ ಅಂದ್ರೆ ಈಗ್ಲೇ

ಮಗಳ ಮಗ್ಳಿಗೆ ಐದನೇ ಕ್ಲಾಸು. ಶಾಲೆಯಲ್ಲಿ ಈಗ ಇಂಗ್ಲಿಷಿನ ಪ್ರೆಸೆಂಟ್ ಕಂಟಿನ್ಯೂಯಸ್ ಪಾಠ. ಈಗ ನಡೀತಾ ಇಪ್ಪ ಕೆಲ್ಸ ಹೇಳುಕೆ ಐ ಆದ್ರೆ ಆಮ್, ಹಿ ಶಿ ಇಟ್ ಆದ್ರೆ ಈಸ್, ಬಾಕಿದ್ದಕ್ಕೆಲ್ಲ ಆರ್, ಕ್ರಿಯಾಪದದ ಹಿಂದಿಂದ ಒಂದು ಐಎನ್‌ಜಿ. ಅಷ್ಟೇ. ಅಭ್ಯಾಸಕ್ಕೆ ನೆಟ್ಟಿಂದ ಪ್ರಿಂಟ್ ತೆಗ್ದ ಹಾಳೆ ದಿನಾ ಒಂದೊಂದು ಬತ್ತಿತ್ತ್. ಒಂದ್ರಲ್ಲಿ ಹಿಮದ ಗೊಂಬೆ ಮಾಡ್ತಾ ಇಪ್ಪ ಮಕ್ಳ ಚಿತ್ರ. ಕೋಡಿ ಕಡಲ ಬದಿಯ ಮಕ್ಳಿಗೆ ಹಿಮ ಎಲ್ಲಿಂದ ತಪ್ಪುದ್ ಮಾರಾಯ್ತಿ!

ಹೋದ ವಾರ ಕನ್ನಡದ ವಾಕ್ಯ ಕೊಟ್ಟು ಇಂಗ್ಲಿಷ್ ಮಾಡುಕೆ ಹೇಳಿದ್ರಂಬ್ರ್. 'ಮಳೆ ಬರುತ್ತಾ ಇತ್ತು' ಅಂಬುದಕ್ಕೆ ಇವ್ಳ್ 'ಇಟ್ ಈಸ್ ರೇನಿಂಗ್' ಬರ್ದಿದ್ಲ್. 'ನಾನು ಹೋಗುತ್ತಾ ಇದ್ದೆ' ಅಂಬುದಕ್ಕೆ 'ಐ ಆಮ್ ಗೋಯಿಂಗ್'. ಎರಡಕ್ಕೂ ಕೆಂಪು ಗೀಟು. ಬದಿಯ ಮಕ್ಳು ನೆಗಾಡಿದ್ರ್. ಮನಿಗ್ ಬಂದವ್ಳ್ ಮಾತೇ ಆಡ್ಲಿಲ್ಲ. ರಾತ್ರಿ ಮಗಳು, "ಅಮ್ಮ, ಇನ್ಮೇಲೆ ಅವ್ಳ ಹತ್ರ ಪುಸ್ತಕದ ಕನ್ನಡವೇ ಮಾತಾಡು" ಅಂದ್ಲ್.

ನಂಗೆ ಅದ್ ಸರಿ ಕಾಣ್ಲಿಲ್ಲ. ನಮ್ಮಲ್ಲಿ ಇತ್ತ್ ಅಂದ್ರೆ ಈಗ ಇಪ್ಪುದೇ ಅಲ್ದಾ? 'ಅನ್ನ ಇತ್ತಾ' ಅಂತ ಕೇಂಡ್ರೆ ನಿನ್ನೆಯ ಅನ್ನದ ಸುದ್ದಿ ಅಲ್ಲ. ಕಳ್ದದ್ದಕ್ಕೆ ಇದ್ದಿತ್ ಅಂಬುದು ಬೇರೆಯೇ ಇತ್ತ್. ಪುಸ್ತಕದ ಇತ್ತು, ನಮ್ಮ ಇತ್ತ್ ಒಂದೇ ಹಾಂಗೆ ಕೇಳತ್ತ್, ತೊಂದ್ರೆ ಅಷ್ಟೇ. ಅದಕ್ಕೆ ಮನೆಮಾತು ಬಿಡುದಾ? ಆಸಾಡಿ ಅಮಾಸಿಗೆ ಕುಂದಾಪ್ರ ಕನ್ನಡ ದಿನ ಅಂತ ಸ್ಟೇಟಸ್ ಹಾಕುದು ನಾವೇ.

ಹಳೆ ಕ್ಯಾಲೆಂಡರಿನ ಬೆನ್ನಿಗೆ ಎರಡು ಗೀಟು ಎಳ್ದು ನಾನೇ ಹಾಳೆ ಮಾಡ್ದೆ. ನಮ್ದು, ಪುಸ್ತಕದ್ದು, ಇಂಗ್ಲಿಷು. 'ಮಳಿ ಬತ್ತಾ ಇತ್ತ್, ಮಳೆ ಬರುತ್ತಾ ಇದೆ, ಇಟ್ ಈಸ್ ರೇನಿಂಗ್.' ಅದ್ರ ಕೆಳಗೆ 'ಮಳಿ ಬತ್ತಾ ಇದ್ದಿತ್, ಮಳೆ ಬರುತ್ತಾ ಇತ್ತು, ಇಟ್ ವಾಸ್ ರೇನಿಂಗ್.' ಎರಡನ್ನೂ ಒಟ್ಟಿಗೆ ಕಂಡದ್ದೇ ಕೂಸು, "ಹೋ! ಅಮ್ಮಮ್ಮ, ನಮ್ದ್ ತಪ್ಪಲ್ಲ, ಬೇರೆ" ಅಂದ್ಲ್. ಮತ್ತೆ ಅಜ್ಜಯ್ಯ ಬಲೆ ಸರಿ ಮಾಡುದು, ಅಮ್ಮ ಕಾಯಿ ಹೆರೆಯುದು, ಬೆಕ್ಕು ಮೀನಿನ ಹತ್ರ ಕೂಕಂಡದ್ದು, ಎಲ್ಲ ಅವ್ಳೇ ಬರ್ದ್ಲ್. ರನ್ನಿಗೆ ಎರಡು ಎನ್, ಮೇಕಿನ ಕೊನೆಯ ಇ ಬಿಡುದು, ಅದೂ ಹಾಂಗೇ ಬಂತ್. 'ಗೊತ್ತಿತ್ತ್' ಅಂಬಲ್ಲಿ ಮಾತ್ರ 'ಐ ಆಮ್ ನೋಯಿಂಗ್' ಮಾಡಿದ್ಲ್. ನೋ, ವಾಂಟ್ ಅಂಬ ಪದಕ್ಕೆ ಸಾಮಾನ್ಯವಾಗಿ ಐಎನ್‌ಜಿ ಹಾಕುದಿಲ್ಲ, 'ಐ ನೋ' ಸಾಕು ಅಂದೆ.

ಈಗ ಜುಲೈ 31ರ ತನಕ ದೊಡ್ಡ ಬೋಟು ಕಡ್ಲಿಗೆ ಇಳಿಯುಕಿಲ್ಲ. ಇಲ್ಲ ಅಂಬ ವಾಕ್ಯಕ್ಕೆ ಅದೇ ಆಯ್ತ್: 'ದ ಬೋಟ್ಸ್ ಆರ್ ನಾಟ್ ಗೋಯಿಂಗ್.' ಮಗಳು ಹಾಳೆ ಕಂಡು ಏನೂ ಹೇಳ್ಲಿಲ್ಲ, ಫೋಟೋ ಹೊಡ್ಕಂಡ್ ಹೋದ್ಲ್. ಐದು ಝೆರಾಕ್ಸ್ ಮಾಡ್ಸಿ ಇಟ್ಟಿದ್ದೆ. ಮಕ್ಳಿಗೆ ಬೇಕಾದವ್ರ್ ಬನ್ನಿ, ಪೆನ್ಸಿಲ್ಲಲ್ಲೇ ಬರೆಸಿ, ಅಳಿಸಿ ಮತ್ತೆ ಬರೀಲಕ್ಕ್.