ಬೆಟ್ಟದ ಮೇಲಿನ ದೊಣೆ, ಗವಿಯೊಳಗಿನ ನೀರು

ತಪ್ಪಿಸಿಕೊಂಡ ಕುರಿಯೊಂದು ಬೆಟ್ಟದಿಂದ ಮೈಯೆಲ್ಲ ತೊಯ್ದು ಇಳಿದು ಬಂತಂತೆ. ಬಿಸಿಲಿಗೆ ಕಾದ ಬೋಳು ಬಂಡೆಯ ಮೇಲೆ ಕುರಿಯ ಮೈ ಒದ್ದೆಯಾದದ್ದು ಹೇಗೆ? ಅದು ಬಂದ ದಾರಿಯನ್ನೇ ಹಿಡಿದು ಹತ್ತಿದವರಿಗೆ ಮೇಲೆ ನೀರಿನ ಒರತೆ ಕಂಡಿತು. ಸ್ಥಳೀಯ ನಾಯಕ ರಾಜಾ ಹಿರೇಗೌಡ ಅಲ್ಲಿ ಮಣ್ಣಿನ ಕೋಟೆ ಕಟ್ಟಿಸಿದ. ಮಧುಗಿರಿ ಹುಟ್ಟಿದ ಬಗೆಗೆ ಜನ ಹೇಳುತ್ತ ಬಂದ ಕಥೆ ಇದು. ಹಳೆಯ ಮೈಸೂರು ಗೆಜೆಟಿಯರ್ ಕೂಡ ಇದನ್ನು ದಾಖಲಿಸಿದೆ. ಕತ್ತಿ ಕಾಳಗಗಳಿಂದ ಶುರುವಾಗುವ ಕೋಟೆಗಳ ಕಥೆ ನೂರಾರು. ಒದ್ದೆ ಕುರಿಯಿಂದ ಶುರುವಾಗುವುದು ಇದೊಂದೇ ಇರಬೇಕು.

ಬುಕ್ಕಾಪಟ್ಟಣದ ಹೈಸ್ಕೂಲು ಮಕ್ಕಳಿಗೆ ಮಧುಗಿರಿ ಅಪರಿಚಿತ ಹೆಸರಲ್ಲ. ಶಿರಾ, ಮಧುಗಿರಿ, ಕೊರಟಗೆರೆ, ಪಾವಗಡ ಈ ನಾಲ್ಕೂ ತಾಲ್ಲೂಕು ಸೇರಿ ಮಧುಗಿರಿ ಶೈಕ್ಷಣಿಕ ಜಿಲ್ಲೆ. ಹತ್ತನೆಯ ತರಗತಿಯ ಫಲಿತಾಂಶ ಬಂದಾಗ ‘ನಮ್ಮ ಜಿಲ್ಲೆ ಎಷ್ಟನೆಯದು’ ಎಂದು ನೋಡುವುದು ಆ ಹೆಸರಿನ ಎದುರೇ. ಆದರೆ ಶಾಲಾ ಪ್ರವಾಸದ ಬಸ್ಸು ಮಾತ್ರ ಮೈಸೂರು, ಬೇಲೂರು, ಜೋಗದ ಕಡೆಗೇ ತಿರುಗುತ್ತದೆ. ಎರಡು ಗಂಟೆಯೊಳಗೆ ತಲುಪಬಹುದಾದ ಕೋಟೆಯನ್ನು ನೋಡದೆಯೇ ಎಷ್ಟೋ ಮಕ್ಕಳು ಕಾಲೇಜು ಮುಗಿಸಿಬಿಡುತ್ತಾರೆ.

ಎರಡು ಮೂರು ಮನೆಯವರು ಸೇರಿ ಒಂದು ಬಾಡಿಗೆ ಗಾಡಿ ಮಾಡಿಕೊಂಡು, ದಾರಿ ಬಲ್ಲವನೊಬ್ಬನನ್ನು ಜೊತೆಗೆ ಕರೆದುಕೊಂಡರೆ ಒಂದೇ ದಿನದಲ್ಲಿ ಮುಗಿಯುವ ಪ್ರವಾಸ ಇದು. ಬೆಳಗ್ಗೆ ಮಧುಗಿರಿಯ ಕೋಟೆ, ಮಧ್ಯಾಹ್ನ ಕೊರಟಗೆರೆ ತಾಲ್ಲೂಕಿನ ಸಿದ್ಧರಬೆಟ್ಟದ ಗವಿ. ಒಂದು ಹಾಳುಬಿದ್ದ ಕೋಟೆ, ಇನ್ನೊಂದು ಕ್ಷೇತ್ರ, ಒಂದಕ್ಕೊಂದು ಸಂಬಂಧವಿಲ್ಲವೆನ್ನಿಸುತ್ತದೆ. ಎರಡನ್ನೂ ಒಂದೇ ದಿನ ಹತ್ತಿದವರಿಗೆ ಮಾತ್ರ ಕುರಿಯ ಕಥೆ ಅರ್ಥವಾಗುತ್ತದೆ.

ಹೊರಡುವುದು ನಸುಕಿಗೇ ಆಗಬೇಕು. ಬುಕ್ಕಾಪಟ್ಟಣದ ಸುತ್ತಲಿನದು ಮಲೆನಾಡಿನ ದಟ್ಟ ಕಾಡಲ್ಲ. ಕುರುಚಲು, ಮುಳ್ಳುಕಂಟಿ, ಹುಲ್ಲು. ಈ ಕಾಡನ್ನೇ 2019ರಲ್ಲಿ ಸರ್ಕಾರ ಚಿಂಕಾರ ವನ್ಯಧಾಮವೆಂದು ಘೋಷಿಸಿತು. ಚಿಂಕಾರವೆಂದರೆ ತೆಳುಗಾಲಿನ ಪುಟ್ಟ ಹುಲ್ಲೆ. ತೀರ ಕಡಿಮೆ ನೀರಿನಲ್ಲಿ ಬದುಕು ಸಾಗಿಸುವ ಪ್ರಾಣಿ. ಅದು ಕಣ್ಣಿಗೆ ಬೀಳುವುದು ಅಪರೂಪ. ಆದರೂ ಇಂಥ ಪ್ರಾಣಿ ಇಲ್ಲಿದೆ ಎನ್ನುವುದೇ ಈ ನೆಲದ ಗುಣ ಹೇಳುತ್ತದೆ. ಕಿಟಕಿಯಾಚೆ ಕಡಲೆಕಾಯಿ ಹೊಲ, ಸಾಲು ಹುಣಸೆಮರ, ಅರ್ಧ ತುಂಬಿದ ಅಥವಾ ಪೂರ್ತಿ ಒಣಗಿದ ಕೆರೆ ಸರಿದುಹೋಗುತ್ತವೆ.

ದಾರಿಯಲ್ಲಿ ಸಿಗುವ ಶಿರಾಕ್ಕೆ ಒಂದು ಪೂರ್ತಿ ದಿನವೇ ಬೇಕು. 1687ರಿಂದ ಸುಮಾರು ಎಪ್ಪತ್ತು ವರ್ಷ ಮೊಗಲರ ಸುಬಾದ ರಾಜಧಾನಿಯಾಗಿದ್ದ ಊರು ಅದು. ಇಂದು ಇಡ್ಲಿ ತಿಂದು ಮುಂದೆ ಹೋಗುವುದಷ್ಟೇ.

ಮಧುಗಿರಿ ಊರೊಳಗೆ ಕಾಲಿಡುವ ಮೊದಲೇ ಬೆಟ್ಟ ಎದ್ದು ನಿಲ್ಲುತ್ತದೆ. ಸಮುದ್ರ ಮಟ್ಟದಿಂದ 3,900 ಅಡಿಗೂ ಮಿಕ್ಕಿದ ಎತ್ತರ. ಒಂದೇ ಕಲ್ಲನ್ನು ಅಂಗಾತ ಮಲಗಿಸಿದಂಥ ಆಕಾರ. ಏಷ್ಯಾದಲ್ಲೇ ಎರಡನೆಯ ದೊಡ್ಡ ಏಕಶಿಲೆ ಎಂದು ಊರವರು ಅಭಿಮಾನದಿಂದ ಹೇಳುತ್ತಾರೆ. ಅಳೆದವರು ಯಾರೆಂದು ಕೇಳುವ ಗೋಜು ಬೇಡ. ಬುಡದಲ್ಲಿ ನಿಂತು ಕತ್ತೆತ್ತಿದರೆ ಸಾಕು. ಕೆಳಗಿನ ಹಳೆಯ ಪೇಟೆಯಲ್ಲಿ ವೆಂಕಟರಮಣ, ಮಲ್ಲೇಶ್ವರ ದೇವಾಲಯಗಳಿವೆ. ಬಿಸಿಲು ಏರುವ ಮೊದಲು ಬೆಟ್ಟ ಹತ್ತಿ, ಇಳಿದ ಮೇಲೆ ದೇವರನ್ನು ನೋಡುವುದು ಜಾಣತನ.

ಮೊದಲ ಬಾಗಿಲು ದಾಟಿದ ಮೇಲೆ ಸ್ವಲ್ಪ ದೂರ ಮೆಟ್ಟಿಲು ಸಲೀಸು. ಆಮೇಲೆ ಮೆಟ್ಟಿಲೆಂಬುದು ಬಂಡೆಯಲ್ಲಿ ಕೊರೆದ ಕಚ್ಚು ಮಾತ್ರ. ಕಡಿದಾದ ಕಡೆ ಹಿಡಿಯಲು ಕಬ್ಬಿಣದ ಕಂಬಿ. ಹತ್ತುವಾಗ ಅಂಜದ ಮಕ್ಕಳೂ ತಿರುಗಿ ಕೆಳಗೆ ನೋಡಿದಾಗ ಒಂದು ಗಳಿಗೆ ಸುಮ್ಮನಾಗುತ್ತಾರೆ. ಅಂತರಾಳದ ಬಾಗಿಲು, ದಿಡ್ಡಿಬಾಗಿಲು, ಮೈಸೂರು ಬಾಗಿಲು ಎಂದು ಹಳಬರು ಹೆಸರು ಹೇಳುವ ಹೆಬ್ಬಾಗಿಲುಗಳು ಈ ಕೋಟೆಯವು. ಸಾಮಾನ್ಯ ಪ್ರವಾಸಿ ಬಾಗಿಲಿನ ಮುಂದೆ ಫೋಟೊ ತೆಗೆಸಿಕೊಂಡು ಮುಂದೆ ನಡೆಯುತ್ತಾನೆ. ಬಲ್ಲವನು ಜೊತೆಗಿದ್ದರೆ ಅಲ್ಲೇ ನಿಲ್ಲಿಸಿ, ದಾರಿ ಬಾಗಿಲಿಗೆ ನೇರವಾಗಿ ಬಾರದೆ ಮಗ್ಗುಲಿಗೆ ತಿರುಗಿರುವುದನ್ನು ತೋರಿಸುತ್ತಾನೆ. ಓಡಿಬಂದ ಶತ್ರು ತಿರುವಿನಲ್ಲಿ ನಿಲ್ಲಬೇಕು. ನಿಂತವನ ತಲೆಯ ಮೇಲೆ ಗೋಡೆ, ಗೋಡೆಯ ಮೇಲೆ ಕಾವಲಿನವರು.

ಅರ್ಧ ಬೆಟ್ಟ ಹತ್ತುವಷ್ಟರಲ್ಲಿ ಜೊತೆಗೆ ತಂದ ಬಾಟಲಿ ಖಾಲಿಯಾಗಿರುತ್ತದೆ. ಆಗ ಮಕ್ಕಳ ಬಾಯಲ್ಲಿ ಬರುವ ಪ್ರಶ್ನೆ ಒಂದೇ.

“ಅಣ್ಣ, ಇಷ್ಟೆತ್ತರಕ್ಕೆ ನೀರು ಹೊತ್ಕೊಂಡು ಬರ್ತಿದ್ರಾ?”

“ಹೊರೋದ್ಯಾಕವ್ವ? ಮೇಲಿಂದ ಬಿದ್ದಿದ್ದನ್ನೇ ನಿಲ್ಲಿಸ್ಕೊಂತಿದ್ರು. ಬಾ, ತೋರಿಸ್ತೀನಿ.”

ತೋರಿಸುವುದು ದೊಣೆಯನ್ನು. ಬಂಡೆಯಲ್ಲಿ ತಾನಾಗಿ ಆದ, ಕೆಲವು ಕಡೆ ಕಲ್ಲು ಕಟ್ಟಿ ದೊಡ್ಡದು ಮಾಡಿದ ಗುಂಡಿ. ಇಳಿಜಾರಿನ ಬಂಡೆಯ ಮೇಲೆ ಸುರಿದ ಮಳೆ ಇಂಗಲು ಮಣ್ಣಿಲ್ಲದೆ ಹರಿದು ಬಂದು ಇಲ್ಲಿ ತಂಗುತ್ತದೆ. ಒಂದು ಎಕರೆ ಬಂಡೆಯ ಮೇಲೆ ಒಂದು ಇಂಚು ಮಳೆ ಬಿದ್ದರೆ ಸುಮಾರು ಒಂದು ಲಕ್ಷ ಲೀಟರ್ ನೀರು. ಎಕರೆಯನ್ನು ಚದರಡಿಗೆ, ಇಂಚನ್ನು ಅಡಿಗೆ ತಿರುಗಿಸಿ ಮಕ್ಕಳೇ ಲೆಕ್ಕ ಹಾಕಿ ನೋಡಬಹುದು. ಅದರಲ್ಲಿ ಅರ್ಧ ಹಿಡಿದಿಟ್ಟರೂ ಕಾವಲುಪಡೆಗೆ ಎಷ್ಟು ದಿನ ಬಂತು? ಮೇಲೆ ಕಣಜಗಳಿವೆ, ಎಣ್ಣೆ ತುಪ್ಪ ತುಂಬಿಡುವ ಗುಂಡಿಗಳೂ ಇದ್ದವೆಂದು ಹೇಳುತ್ತಾರೆ. ರಾಗಿ, ಎಣ್ಣೆ ಕೆಳಗಿನಿಂದ ಹೊರಿಸಿ ತರಬಹುದು. ಮುತ್ತಿಗೆ ಬಿದ್ದಾಗ ಹೊರಿಸಿ ತರಲಾಗದ್ದು ನೀರು. ದೊಣೆ ಬತ್ತಿದ ದಿನ ಯಾವ ಗೋಡೆಯೂ ಕಾಯುವುದಿಲ್ಲ.

1678ರಲ್ಲಿ ಚಿಕ್ಕದೇವರಾಜ ಒಡೆಯರ ಸೈನ್ಯ ಕೋಟೆಯನ್ನು ಗೌಡರಿಂದ ಕಿತ್ತುಕೊಂಡಿತು. ಮುಂದೆ ಹೈದರಾಲಿ ಇದನ್ನು ಬಲಪಡಿಸಿದ. 1763ರಲ್ಲಿ ಬಿದನೂರನ್ನು ಗೆದ್ದ ಮೇಲೆ ಕೆಳದಿಯ ರಾಣಿ ವೀರಮ್ಮಾಜಿ ಮತ್ತು ಅವಳ ದತ್ತುಮಗನನ್ನು ಅವನು ಸೆರೆಯಿಟ್ಟದ್ದು ಈ ಬೆಟ್ಟದ ಮೇಲೆಯೇ. ವರ್ಷದಲ್ಲಿ ಅರ್ಧಕಾಲ ಮಳೆ ನಿಲ್ಲದ ಸೀಮೆಯಿಂದ ಬಂದವಳು, ಮೋಡಕ್ಕಾಗಿ ಕಾಯುವ ಬಯಲನ್ನು ನೋಡುತ್ತ ನಾಲ್ಕು ವರ್ಷ ಕಳೆದಳು. 1767ರಲ್ಲಿ ಪೇಶ್ವೆ ಮಾಧವರಾಯ ಕೋಟೆ ಹಿಡಿದು ಅವಳನ್ನು ಬಿಡಿಸಿದ. ಆದರೆ ಪುಣೆಗೆ ಹೋಗುವ ದಾರಿಯಲ್ಲೇ ಅವಳು ತೀರಿಕೊಂಡಳು. ಪಠ್ಯಪುಸ್ತಕದಲ್ಲಿ ಹೈದರನ ಬಿದನೂರು ವಿಜಯಕ್ಕೆ ಒಂದು ಸಾಲು ಸಿಗುತ್ತದೆ. ಈ ನಾಲ್ಕು ವರ್ಷಕ್ಕೆ ಜಾಗವಿಲ್ಲ.

ತುದಿಯಲ್ಲಿರುವುದು ಗೋಪಾಲಕೃಷ್ಣನ ಪಾಳುಗುಡಿ ಮತ್ತು ಗಾಳಿ. ನಿಧಿಯಾಸೆಗೆ ನೆಲ ಅಗೆಯುವ ಚಾಳಿ ನಮ್ಮ ಎಷ್ಟೋ ಹಾಳುಗುಡಿಗಳನ್ನು ತಿಂದುಹಾಕಿದೆ. ಕೋಟೆ ಭಾರತೀಯ ಪುರಾತತ್ತ್ವ ಸರ್ವೇಕ್ಷಣ ಇಲಾಖೆಯ ರಕ್ಷಣೆಯಲ್ಲಿದೆ. ಆದರೂ ಗೋಡೆಯ ಮೇಲೆ ಹೆಸರು ಕೆತ್ತುವವರ ಕೈಯನ್ನು ಹಿಡಿಯಬೇಕಾದವರು ಪಕ್ಕದಲ್ಲಿ ನಿಂತ ಅಪ್ಪ ಅಮ್ಮಂದಿರೇ.

ಇಳಿದು, ಕೊರಟಗೆರೆಯ ದಾರಿಯ ಮರದ ನೆರಳಿನಲ್ಲಿ ಬುತ್ತಿ ಬಿಚ್ಚಿದಾಗ ಕಾಲು ಬೇಡವೆನ್ನುತ್ತಿರುತ್ತವೆ. ‘ಇನ್ನೊಂದು ಬೆಟ್ಟವಾ?’ ಎಂದು ಮಕ್ಕಳು ಮುಖ ಸಣ್ಣಗೆ ಮಾಡುವ ಹೊತ್ತು. ಬೆಳಗ್ಗೆ ಹಾಳೂರು, ಮಧ್ಯಾಹ್ನ ಗವಿನೀರು ಎಂಬ ಇಂಥದೇ ಒಂದು ದಿನದ ಪ್ರವಾಸ ಭೂಮಿಯ ಆಚೆ ಬದಿಯಲ್ಲಿ ದೊಡ್ಡ ಉದ್ಯಮವೆಂದು ಅವರಿಗೆ ಹೇಳಲು ಇದು ಸರಿಯಾದ ಸಮಯ.

ಮೆಕ್ಸಿಕೊ ದೇಶದ ಯುಕಟಾನ್ ಎಂಬ ಪರ್ಯಾಯದ್ವೀಪದಲ್ಲಿ ಪ್ರವಾಸಿಗರು ಗೈಡ್ ಜೊತೆ ಖಾಸಗಿ ಗಾಡಿಯಲ್ಲಿ ಹೊರಟು, ಮೊದಲು ಟುಲುಮ್ ಅಥವಾ ಕೊಬಾದ ಮಾಯಾ ಜನರ ಹಾಳು ನಗರ ನೋಡುತ್ತಾರೆ. ಆಮೇಲೆ ಕಣ್ಣಿಗೆ ಗಾಜು, ಬಾಯಿಗೆ ಉಸಿರುಕೊಳವೆ ಕಟ್ಟಿಕೊಂಡು ಗವಿಯ ನೀರಿನಲ್ಲಿ ತೇಲುತ್ತಾರೆ. ಅಲ್ಲಿನ ನೆಲ ಸುಣ್ಣಕಲ್ಲಿನದು. ಸ್ವಲ್ಪ ಹುಳಿಯಾದ ಮಳೆನೀರು ಸುಣ್ಣಕಲ್ಲನ್ನು ಕರಗಿಸುತ್ತದೆ. ಆದ್ದರಿಂದ ಆ ಬಯಲಿನ ಬಹುಭಾಗದಲ್ಲಿ ಹೊಳೆಯೇ ಇಲ್ಲ, ನೀರೆಲ್ಲ ನೆಲದಡಿಯಲ್ಲಿ ಹರಿಯುತ್ತದೆ. ಅಲ್ಲಿ ಮುಳುಗಿಹೋದ ಒಂದು ಗವಿಜಾಲವೇ 300 ಕಿಲೊಮೀಟರಿಗೂ ಉದ್ದ. ಗವಿಯ ಮಾಡು ಕುಸಿದ ಕಡೆ ಬಾವಿಯಂಥ ಬಾಯಿ ತೆರೆಯುತ್ತದೆ. ಅದಕ್ಕೆ ಸೆನೋಟೆ ಎಂದು ಹೆಸರು. ಮಾಯಾ ಜನ ಊರು ಕಟ್ಟಿದ್ದು ಇಂಥ ಬಾವಿಗಳನ್ನು ನಂಬಿ. ಪ್ರಸಿದ್ಧ ನಗರ ಚಿಚೆನ್ ಇಟ್ಜಾದ ಹೆಸರಿನ ಅರ್ಥವೇ ಇಟ್ಜಾ ಜನರ ಬಾವಿಯ ಬಾಯಿ ಎಂದು. ಅಲ್ಲಿ ಬಾವಿ, ಇಲ್ಲಿ ಒದ್ದೆ ಕುರಿ.

ನಮ್ಮ ಕಲ್ಲು ಬೇರೆ. ರಾಮನಗರದಿಂದ ತುಮಕೂರು ಸೀಮೆಯ ಮೂಲಕ ಬಳ್ಳಾರಿ ಕಡೆಗೆ ಹೋಗುವ ಗ್ರಾನೈಟ್ ಪಟ್ಟಿ ಇದು. ರಾಮನಗರದ ಹಳೆಯ ಹೆಸರಿನಿಂದ ಭೂವಿಜ್ಞಾನಿಗಳು ಇದನ್ನು ಕ್ಲೋಸ್‌ಪೇಟೆ ಗ್ರಾನೈಟ್ ಎನ್ನುತ್ತಾರೆ. ವಯಸ್ಸು ಸುಮಾರು 250 ಕೋಟಿ ವರ್ಷ. ಗ್ರಾನೈಟ್ ಸುಣ್ಣಕಲ್ಲಿನಂತೆ ಕರಗುವುದಿಲ್ಲ. ಬಿಸಿಲು ಮಳೆಗೆ ಈರುಳ್ಳಿಯಂತೆ ಪದರ ಬಿಡುತ್ತದೆ, ಸೀಳುತ್ತದೆ, ಗುಂಡುಗಳಾಗಿ ಉರುಳಿ ಒಂದರ ಮೇಲೊಂದು ಕೂರುತ್ತದೆ. ಆ ಗುಂಡುಗಳ ನಡುವೆ ಉಳಿದ ಸಂದೇ ನಮ್ಮ ಗವಿ. ಹಾಗಾಗಿ ಸಿದ್ಧರಬೆಟ್ಟದಲ್ಲಿ ತೇಲುವ ಮಾತಿಲ್ಲ. ಇಲ್ಲಿ ನೀರು ಬಂಡೆಯ ಬಿರುಕಿನಿಂದ ಬಂದು ಸಣ್ಣಗೆ ಸೇರುತ್ತದೆ. ಕೈಯಲ್ಲಿ ಮೊಗೆಯಬಹುದು, ಕಾಲು ತೋಯಿಸಬಹುದು.

ಸಿದ್ಧರಬೆಟ್ಟಕ್ಕೆ ಮೆಟ್ಟಿಲುಗಳಿವೆ, ಮಧುಗಿರಿಯ ಮುಂದೆ ಇದು ಸುಲಭ. ಸಿದ್ಧರು ತಪಸ್ಸು ಮಾಡಿದ ಜಾಗ, ಔಷಧಿ ಗಿಡಗಳ ತಾಣ ಎಂಬ ಪ್ರಸಿದ್ಧಿ ಇದಕ್ಕಿದೆ. ಸಿದ್ಧೇಶ್ವರನ ಸನ್ನಿಧಿ ಇರುವುದು ಗವಿಯೊಳಗೆ. ಹೊರಗಿನ ಕಾದ ಬಂಡೆಯಿಂದ ಒಳಗೆ ಹೆಜ್ಜೆ ಇಟ್ಟೊಡನೆ ತಣ್ಣನೆಯ ಗಾಳಿ ಮುಖಕ್ಕೆ ಬಡಿಯುತ್ತದೆ. ಮೊದಲು ನೀರಿನ ಸದ್ದು, ಆಮೇಲೆ ನೀರು. ಬೇಸಿಗೆಯಲ್ಲೂ ಇದು ಇರುತ್ತದೆ. ಬೆಟ್ಟದ ಬಿರುಕುಗಳಲ್ಲಿ ಇಂಗಿದ ಮಳೆ ತಿಂಗಳುಗಟ್ಟಲೆ ನಿಧಾನವಾಗಿ ಜಿನುಗುವುದೇ ಕಾರಣ. ಈ ನೀರು ರೋಗ ಕಳೆಯುತ್ತದೆ ಎಂಬ ನಂಬಿಕೆಯಿಂದ ತಲೆಗೆ ಚಿಮುಕಿಸಿಕೊಳ್ಳುವವರಿದ್ದಾರೆ. ಅವರವರ ನಂಬಿಕೆ ಅವರವರಿಗೆ; ಡಾಕ್ಟರು ಬರೆದ ಮಾತ್ರೆ ನಿಲ್ಲಿಸುವುದು ಬೇಡ.

ಸನ್ನಿಧಿಯಾಚೆಯ ಗವಿಗಳೇ ನಿಜವಾದ ಸಾಹಸ. ಟಾರ್ಚ್ ಹಿಡಿದ ಸ್ಥಳೀಯರು ಮುಂದೆ ಹೋಗದೆ ಯಾರೂ ಒಳಗೆ ಕಾಲಿಡಬಾರದು. “ತಲೆ ಬಗ್ಸಿ ಸಾರ್, ಎಡಗೈ ಬಂಡೆ ಮೇಲಿಡಿ, ಈಗ ಕುಂತ್ಕೊಂಡು ಜಾರಿ” ಎಂದು ಒಂದೊಂದು ಹೆಜ್ಜೆಗೂ ಹೇಳುವ ದನಿಯ ಬೆಲೆ ಕತ್ತಲಲ್ಲೇ ತಿಳಿಯುವುದು. ಒಂದೇ ತರಹದ ಸಂದುಗಳು ನಾಲ್ಕು ದಿಕ್ಕಿಗೂ ಒಡೆಯುತ್ತವೆ. ಚರ್ಚೆ ಮಾಡದೆ ಕೂಲಿಯನ್ನು ಮೊದಲೇ ಮಾತಾಡಿ ಕೊಡುವುದು ಮರ್ಯಾದೆ. ಪಟ್ಟಣದ ಹೋಟೆಲಿನಲ್ಲಿ ಒಂದು ಊಟಕ್ಕೆ ಚೆಲ್ಲುವ ಹಣಕ್ಕಾಗಿ ಇಲ್ಲಿ ಹತ್ತು ರೂಪಾಯಿ ಜಗ್ಗುವವರನ್ನು ನೋಡಿದರೆ ನಾಚಿಕೆಯಾಗುತ್ತದೆ.

ಯುಕಟಾನಿನಲ್ಲಿ ಸೆನೋಟೆಗೆ ಇಳಿಯುವ ಮೊದಲು ಮೈಗೆ ಹಚ್ಚಿದ ಕ್ರೀಮು ತೊಳೆದು ಬರಬೇಕೆಂದು ಅನೇಕ ಕಡೆ ಕಟ್ಟುನಿಟ್ಟು. ನಮ್ಮ ತೀರ್ಥಗಳಲ್ಲಿ ಇದಕ್ಕೆ ತದ್ವಿರುದ್ಧ: ಸೋಪು, ಶಾಂಪೂ ಪೊಟ್ಟಣ ಒಡೆಯುವುದೇ ನೀರಿನೊಳಗೆ. ಪಕ್ಕದ ಪಾವಗಡದಲ್ಲಿ ಆಳದ ಕೊಳವೆಬಾವಿಯ ನೀರಿಗೆ ಇದೇ ಗ್ರಾನೈಟಿನಿಂದ ಫ್ಲೋರೈಡ್ ಸೇರಿ, ಹಲ್ಲು ಕಂದಿದ, ಮೂಳೆ ಬಾಗಿದ ಜನರಿದ್ದಾರೆ. ಮೇಲುಗಡೆ ನಿಂತ ಮಳೆನೀರಿಗೆ ಆ ದೋಷ ಬರುವುದಿಲ್ಲ. ಹಿಂದಿನವರು ಬಂಡೆಯ ಮೇಲೆ ಹಿಡಿದಿಟ್ಟದ್ದು ಅದನ್ನೇ. ಅಂಥ ನೀರಿಗೆ ಒಂದು ರೂಪಾಯಿಯ ಶಾಂಪೂ ಸುರಿಯುವಾಗ ಮಕ್ಕಳು ಅಪ್ಪನ ಕೈ ಹಿಡಿದರೂ ತಪ್ಪಿಲ್ಲ.

ಹೋಗುವವರಿಗೆ ಒಂದಿಷ್ಟು ವಿವರ. ಮಳೆ ಮುಗಿದು ಚಳಿ ಹಿಡಿಯುವ ನವೆಂಬರಿನಿಂದ ಫೆಬ್ರವರಿವರೆಗಿನ ಕಾಲ ಒಳ್ಳೆಯದು. ಮಳೆ ಬಿದ್ದ ಮರುದಿನ ಮಧುಗಿರಿ ಬಂಡೆ ಹತ್ತಬಾರದು. ನೀರಿನಿಂದ ಹುಟ್ಟಿದ ಕೋಟೆಯ ಮೇಲೆ ಇಂದು ಕುಡಿಯುವ ನೀರಿನ ಅಂಗಡಿಯಿಲ್ಲ, ಒಬ್ಬೊಬ್ಬರಿಗೆ ಎರಡು ಲೀಟರ್ ಬೇಕೇ ಬೇಕು. ದೊಣೆಗೆ ಇಳಿಯಬಾರದು: ಅಂಚಿನಲ್ಲಿ ಪಾಚಿ ಇರುತ್ತದೆ, ಆಳ ಕಾಣುವುದಿಲ್ಲ, ಈಜು ಬಂದರೂ ಹತ್ತಿಬರಲು ಹಿಡಿತ ಸಿಗುವುದಿಲ್ಲ. ಬೆಟ್ಟದ ಹೆಸರಿನಲ್ಲೇ ಜೇನಿದೆ. ಹೊಗೆ, ಸೆಂಟು, ಕೂಗಾಟ ಬೇಡ. ಹಿಡಿತವಿರುವ ಷೂ, ಟಾರ್ಚ್, ಒಂದು ಹಳೆಯ ಪಂಚೆ ಅಥವಾ ಟವೆಲು ಇರಲಿ. ಮಂಡಿನೋವಿನ ಹಿರಿಯರು ಮೊದಲ ಬಾಗಿಲಿನವರೆಗೆ ಬಂದು ಕೂರಬಹುದು. ಮಾರ್ಗದರ್ಶಿ ಎಲ್ಲ ದಿನವೂ ಸಿಗುತ್ತಾರೆಂಬ ಭರವಸೆಯಿಲ್ಲ. ಊರಿನ ಮೇಷ್ಟರ ಮೂಲಕ ಮೊದಲೇ ವಿಚಾರಿಸಿ ಗೊತ್ತುಮಾಡಿಕೊಳ್ಳಬೇಕು. ಈ ಬೆಟ್ಟಗಳಲ್ಲಿ ಕರಡಿಗಳಿವೆ. ಸಂಜೆ ಐದಕ್ಕೆ ಸಿದ್ಧರಬೆಟ್ಟ ಇಳಿದು ಗಾಡಿ ಹತ್ತಿದರೆ, ತೋವಿನಕೆರೆಯ ದಾರಿಯಲ್ಲಿ ಹೆದ್ದಾರಿ ಸೇರಿ, ರಾತ್ರಿ ಊಟದ ಹೊತ್ತಿಗೆ ಬುಕ್ಕಾಪಟ್ಟಣ.