ಇದು ಪಿಜೋನಾ, ಡಿಐನಾ?

ಚಿಂತಾಮಣಿ, ಶಿಡ್ಲಘಟ್ಟ, ಚಿಕ್ಕಬಳ್ಳಾಪುರ, ಗೌರಿಬಿದನೂರು ಕಡೆ ಸರ್ವಿಸ್ ಜೀಪಲ್ಲಿ ಓಡಾಡಿದ್ದೀರಾ? ಹಾಗಾದರೆ ನಿಮಗೆ ಗೊತ್ತಿಲ್ಲದೇ ಫ್ರಾನ್ಸ್ ದೇಶದ ಎಂಜಿನ್ ಹಿಂದೆ ಕೂತು ಬಂದಿರಬಹುದು. ಜನ ನೇತಾಡಿಕೊಂಡು ಹೋಗ್ತಿದ್ದ ಮಹೀಂದ್ರ ಜೀಪುಗಳಲ್ಲಿ ಎಷ್ಟೋ ಜೀಪುಗಳ ಬಾನೆಟ್ ಕೆಳಗೆ ಇದ್ದದ್ದು ಪೆಜೊ ವಿನ್ಯಾಸದ ಡೀಸೆಲ್ ಎಂಜಿನ್. ನಮ್ಮ ಕಡೆ ಬಾಯಲ್ಲಿ ಅದು 'ಪಿಜೋ'. ಆಫ್ರಿಕಾದಲ್ಲಿ ಜನ ತುಂಬಿಕೊಂಡು ಓಡಿದ ಪೆಜೊ 504 ಕಾರಿನ ಡೀಸೆಲ್ ಎಂಜಿನ್ ಕೂಡ ಇದೇ ವಂಶದ್ದು.

ಹಳೇ ಜೀಪ್ ಕೊಳ್ಳೋರಿಗೆ ತಲೆನೋವು ಇಲ್ಲೇ ಶುರು. ಪಿಜೋದಲ್ಲೇ ಎರಡು ಅಣ್ಣತಮ್ಮಂದಿರು. ತಮ್ಮ 2112 ಸಿಸಿಯ 'ಎಕ್ಸ್‌ಡಿಪಿ 4.90': ನಾಲ್ಕು ಸಿಲಿಂಡರ್, 90 ಮಿ.ಮೀ. ಬೋರ್, ಅದೇ ಹೆಸರಲ್ಲಿರೋದು. ಸ್ಟ್ರೋಕ್ 83. ಅಣ್ಣ 2498 ಸಿಸಿಯ 'ಎಕ್ಸ್‌ಡಿ3ಪಿ': ಬೋರ್ 94, ಸ್ಟ್ರೋಕ್ 90. ಮೂರನೆಯವನು ದಾಯಾದಿಯೂ ಅಲ್ಲ, ಟ್ರ್ಯಾಕ್ಟರ್ ಮನೆತನದ 'ಡಿಐ', 2523 ಸಿಸಿ. ಬೋರ್ 88.9, ಸ್ಟ್ರೋಕ್ 101.6. ಈ ವಿಚಿತ್ರ ಅಂಕಿಗಳನ್ನ ಇಂಚಿಗೆ ತಿರುಗಿಸಿ ನೋಡಿ: ಸರಿಯಾಗಿ ಮೂರೂವರೆ ಇಂಚು, ನಾಲ್ಕು ಇಂಚು! ಇಂಟರ್‌ನ್ಯಾಷನಲ್ ಟ್ರ್ಯಾಕ್ಟರಿನ ಹುಟ್ಟುಗುಣ ಅದು. ಕೊನೆಯ ಎರಡಕ್ಕೂ ಜನ 'ಎರಡೂವರೆ ಲೀಟರ್' ಅಂತಲೇ ಅನ್ನೋದು. ವ್ಯತ್ಯಾಸ ಬರೀ 25 ಸಿಸಿ, ಆದರೆ ಒಂದರ ಸಾಮಾನು ಇನ್ನೊಂದಕ್ಕೆ ಕೂರಲ್ಲ.

ಪಿಜೋನಾ ಡಿಐನಾ ಅಂತ ಕಂಡುಹಿಡಿಯೋಕೆ ಮೆಕ್ಯಾನಿಕ್ ಆಗಬೇಕಿಲ್ಲ. ಬೆಳಗಿನ ಚಳಿಯಲ್ಲಿ, ಎಂಜಿನ್ ತಣ್ಣಗಿರುವಾಗ ಹೋಗಿ. ಪಿಜೋದಲ್ಲಿ ಡೀಸೆಲ್ ಮೊದಲು ಪಕ್ಕದ ಪುಟ್ಟ ಕೋಣೆಯಲ್ಲಿ ಹೊತ್ತಿಕೊಂಡು ಆಮೇಲೆ ಸಿಲಿಂಡರಿಗೆ ನುಗ್ಗುತ್ತೆ. ಆ ಕೋಣೆ ಬಿಸಿಯಾಗೋಕೆ ಹೀಟರ್ ಪ್ಲಗ್ ಬೇಕು. ಡ್ರೈವರ್ ಒಂದಷ್ಟು ಸೆಕೆಂಡ್ ಹೀಟರ್ ಹಾಕಿ ಕಾಯ್ತಾನೆ. ಡಿಐನಲ್ಲಿ ಡೀಸೆಲ್ ನೇರ ಪಿಸ್ಟನ್ ತಲೆ ಮೇಲೇ ಬೀಳುತ್ತೆ, ಹೀಟರ್ ಗೊಡವೆ ಇಲ್ಲ. ಸ್ಟಾರ್ಟ್ ಆದಮೇಲೆ ಕಿವಿಗೊಡಿ. ಡಿಐ ಗಡಗಡ ಅಂತ ಟ್ರ್ಯಾಕ್ಟರ್ ದನಿ ತೆಗೆಯುತ್ತೆ, ಪಿಜೋ ಮೆದು. ಡೀಸೆಲ್ ಉಳಿಸೋದರಲ್ಲಿ ಮಾತ್ರ ಡಿಐ ಮುಂದು.

ಪಿಜೋ ಅಣ್ಣತಮ್ಮಂದಿರನ್ನ ಬೇರೆ ಮಾಡೋದು ಕಷ್ಟ, ಹೊರಗಿಂದ ಇಬ್ಬರದೂ ಒಂದೇ ಮುಖ. 94ರ ಬೋರಿಗೆ 90ರ ಹೆಡ್ ಗ್ಯಾಸ್ಕೆಟ್ ಕೂರಿಸಿದರೆ ಅದರ ಅಂಚು ಬೆಂಕಿಗೇ ಚಾಚಿಕೊಂಡಿರುತ್ತೆ. ಎಷ್ಟು ದಿನ ಬಾಳೀತು ಹೇಳಿ? ಆದ್ದರಿಂದ ಆರ್‌ಸಿಯಲ್ಲಿ ಸಿಸಿ ನೋಡಿ, ಅಲ್ಲಿರೋ ಎಂಜಿನ್ ನಂಬರನ್ನ ಬ್ಲಾಕ್ ಮೇಲೆ ಹೊಡೆದಿರೋ ನಂಬರಿಗೆ ತಾಳೆ ಹಾಕಿ. ಗ್ರೀಸ್ ಮುಚ್ಚಿದ್ದರೆ ಬಟ್ಟೆ ತಗೊಂಡು ಒರೆಸಿ, ಮಾರೋನು ಮುಖ ಸಿಂಡರಿಸಿದರೂ ಸರಿ.

ಇದು ನಮ್ಮ ಚಿಕ್ಕಪ್ಪನಿಗೆ ಉಪಯೋಗಕ್ಕೆ ಬಂತು. ಶಿಡ್ಲಘಟ್ಟದ ಗೂಡು ಮಾರ್ಕೆಟ್ಟಿಗೆ ರೇಷ್ಮೆಗೂಡು ಹಾಕೋಕೆ ಒಂದು ಹಳೇ ಜೀಪ್ ನೋಡಿದ್ದರು. ಎರಡು ಬೆಳೆಯ ದುಡ್ಡು ಜೇಬಲ್ಲಿತ್ತು. ಬ್ರೋಕರ್ "ಪಿಜೋ ಗಾಡಿ ಸಾರ್, ಬೆಣ್ಣೆ ಥರ" ಅಂದ. ಆರ್‌ಸಿಯಲ್ಲಿ 2498 ಇತ್ತು. ಆದರೆ ಹೀಟರ್ ಹಾಕದೇ ಒಂದೇ ಏಟಿಗೆ ಸ್ಟಾರ್ಟ್ ಆಯ್ತು, ಗಡಗಡ ಅಂತು. ಬ್ಲಾಕ್ ಒರೆಸಿದೆ. ನಂಬರ್ ಬೇರೆ.

"ಎಂಜಿನ್ ಏನೋ ಚೆನ್ನಾಗೇ ಇದೆಯಲ್ಲಪ್ಪ?" ಅಂದರು ಚಿಕ್ಕಪ್ಪ.

ನಿಜವಾಗಿಯೂ ಚೆನ್ನಾಗಿತ್ತು. "ಎಂಜಿನ್ನಿಗೆ ಏನೂ ಆಗಿಲ್ಲ ಚಿಕ್ಕಪ್ಪ. ಆದ್ರೆ ಅದು ಯಾರ ಗಾಡಿದು ಅಂತ ಯಾವ ಕಾಗದದಲ್ಲೂ ಇಲ್ಲ" ಅಂದೆ.

ಅವರು ದುಡ್ಡಿನ ಜೇಬು ಒಮ್ಮೆ ಮುಟ್ಟಿ ನೋಡ್ಕೊಂಡು, "ನಡಿ, ಬಸ್ಸಿಗೆ ಹೊತ್ತಾಯ್ತು" ಅಂದರು.