ಕೊತ್ತತ್ತಿಯ ಬಯಲಿನಲ್ಲಿ ಗಾಡಿಯ ಓಟ

ಕಳೆದ ಡಿಸೆಂಬರ್ ತಿಂಗಳ ಕೊನೆಯ ಭಾನುವಾರ, ಬೆಳಗಿನ ಲಿಂಗಪೂಜೆಯನ್ನು ಮುಗಿಸಿಕೊಂಡು ನಾವು ಮಂಡ್ಯದಿಂದ ಕೊತ್ತತ್ತಿಯ ಹಾದಿ ಹಿಡಿದೆವು. ಅಲ್ಲಿ ನಮ್ಮ ಬೀಗರ ಮನೆಯಿದೆ. ಊರಿನ ಸಮೀಪದ ಬಯಲಿನಲ್ಲಿ ಆ ದಿನ ಜೋಡೆತ್ತಿನ ಗಾಡಿಯ ಓಟವಿದೆಯೆಂದೂ, ಅಮೆರಿಕೆಯಿಂದ ರಜೆಗೆ ಬಂದಿರುವ ಮೊಮ್ಮಗನನ್ನು ತಪ್ಪದೆ ಕರೆತರಬೇಕೆಂದೂ ಅವರು ಹೇಳಿಕಳುಹಿಸಿದ್ದರು. ಮಠಗಳ ದರ್ಶನ, ಪುಣ್ಯಕ್ಷೇತ್ರಗಳ ಯಾತ್ರೆಯನ್ನು ಕುರಿತು ಓದಿ ರೂಢಿಯಾದ ಬಂಧುಗಳಿಗೆ ಓಟದ ಬಯಲಿನ ಮಾತು ವಿಚಿತ್ರವೆನಿಸೀತು. ಆದರೆ ಅಂದು ಅಲ್ಲಿ ಕಂಡ ಒಂದು ಸಂಗತಿ ಹಲವು ದಿನ ನಮ್ಮ ಮನಸ್ಸನ್ನು ಬಿಡದೆ ಕಾಡಿದ್ದರಿಂದ ಬರೆಯುತ್ತಿದ್ದೇವೆ.

ಕೊತ್ತತ್ತಿ ಮಂಡ್ಯ ತಾಲ್ಲೂಕಿನ ಒಂದು ಹೋಬಳಿಯ ಕೇಂದ್ರ. 1911ರಲ್ಲಿ ಆರಂಭವಾದ ಕನ್ನಂಬಾಡಿ ಕಟ್ಟೆಯ ಕೆಲಸ ಮುಗಿದು, ನಾಲೆಯ ನೀರು ಈ ಸೀಮೆಗೆ ಹರಿದ ಮೇಲೆ ರಾಗಿಯ ಬೆದ್ದಲು ಭತ್ತ, ಕಬ್ಬುಗಳ ಗದ್ದೆಯಾಯಿತು. ಅಂದು ಇರ್ವಿನ್ ನಾಲೆ ಎನಿಸಿಕೊಂಡದ್ದೇ ಇಂದಿನ ವಿಶ್ವೇಶ್ವರಯ್ಯ ನಾಲೆ. 1933ರಲ್ಲಿ ಮಂಡ್ಯದಲ್ಲಿ ಮೈಸೂರು ಸಕ್ಕರೆ ಕಂಪನಿ ಸ್ಥಾಪನೆಯಾಯಿತು; 1939ರಲ್ಲಿ ಮಂಡ್ಯವೇ ಒಂದು ಜಿಲ್ಲೆಯಾಯಿತು. ಈ ಸಿರಿಯನ್ನೆಲ್ಲ ಹೊತ್ತು ನಡೆದದ್ದು ಎತ್ತಿನ ಗಾಡಿ. ನಾವು ಚಿಕ್ಕವರಾಗಿದ್ದಾಗ ಕಬ್ಬು ತುಂಬಿದ ಗಾಡಿಗಳು ರಾತ್ರಿಯೆಲ್ಲ ಸಾಲುಹಿಡಿದು ಕಾರ್ಖಾನೆಯತ್ತ ಸಾಗುತ್ತಿದ್ದುವು. ಗಾಡಿಯ ಅಡಿಯಲ್ಲಿ ಲಾಟೀನು ತೂಗಾಡುತ್ತಿತ್ತು; ಗಾಡಿಯವನು ಕಬ್ಬಿನ ಹೊರೆಯ ಮೇಲೆ ನಿದ್ರಿಸುತ್ತಿದ್ದರೂ ಎತ್ತುಗಳು ಹಾದಿ ತಪ್ಪುತ್ತಿರಲಿಲ್ಲ. ಇಂದು ಅದೇ ಹಾದಿಯಲ್ಲಿ ಟ್ರ್ಯಾಕ್ಟರುಗಳು ಓಡಾಡುತ್ತಿವೆ.

ಬೀಗರ ಮನೆಯಲ್ಲಿ ಅಕ್ಕಿರೊಟ್ಟಿ, ಹುಚ್ಚೆಳ್ಳಿನ ಚಟ್ನಿಯ ಉಪಚಾರವನ್ನು ಸ್ವೀಕರಿಸಿ ಬಯಲಿಗೆ ಹೋದೆವು. ಕೊಯ್ಲು ಮುಗಿದು ಒಣಗಿದ್ದ ಗದ್ದೆಗಳ ಬದುಗಳನ್ನು ಸವರಿ, ಟ್ರ್ಯಾಕ್ಟರಿನಿಂದಲೇ ನೆಲವನ್ನು ಹದಮಾಡಿ, ಅಕ್ಕಪಕ್ಕದಲ್ಲಿ ಎರಡು ನೇರವಾದ ಓಟದ ಹಾದಿಗಳನ್ನು ಸಿದ್ಧಗೊಳಿಸಿದ್ದರು. ಎರಡೂ ಬದಿಗೆ ಗಳುಗಳನ್ನು ಕಟ್ಟಿ ಜನರನ್ನು ತಡೆದಿದ್ದರು. ತಮಟೆಯ ಸದ್ದು, ಧ್ವನಿವರ್ಧಕದ ಕೂಗು, ಕಡಲೆಪುರಿ ಬೆಂಡು ಬತ್ತಾಸುಗಳ ಅಂಗಡಿ, ಎಲ್ಲವೂ ಸೇರಿ ಅದೊಂದು ಜಾತ್ರೆಯೇ ಆಗಿತ್ತು.

ಮರಗಳ ನೆರಳಿನಲ್ಲಿ ಕಟ್ಟಿದ್ದ ಎತ್ತುಗಳನ್ನು ನೋಡಲು ಎರಡು ಕಣ್ಣು ಸಾಲವು. ಎಲ್ಲವೂ ಹಳ್ಳಿಕಾರ್ ತಳಿಯವು. ಬೂದು ಬಣ್ಣದ ಬಿಗಿಯಾದ ಮೈ, ಕಿರಿದಾದ ನೀಳ ಮುಖ, ಹಿಂದಕ್ಕೆ ಸಾಗಿ ಮತ್ತೆ ಮುಂದಕ್ಕೆ ಬಾಗಿದ ಕೊಂಬು. ಮೈಸೂರು ಒಡೆಯರ ಕಾಲದಿಂದ ಪೋಷಣೆ ಪಡೆದ ಅಮೃತಮಹಲ್ ತಳಿಗೂ ಹಳ್ಳಿಕಾರೇ ಮೂಲ. ಹೈದರಾಲಿಯ ದಂಡಿನ ತೋಪುಗಳನ್ನು ಎಳೆದು ಎರಡೂವರೆ ದಿನಗಳಲ್ಲಿ ನೂರು ಮೈಲಿ ಸಾಗಿದುವೆಂದು ಚರಿತ್ರಕಾರರು ಹೊಗಳಿರುವುದು ಈ ವಂಶದ ಎತ್ತುಗಳನ್ನೇ. 2000ದಲ್ಲಿ ಅಂಚೆ ಇಲಾಖೆಯು ದೇಶದ ನಾಲ್ಕು ಗೋತಳಿಗಳ ಅಂಚೆಚೀಟಿಗಳನ್ನು ಹೊರತಂದಾಗ ಹಳ್ಳಿಕಾರಿಗೂ ಅದರಲ್ಲಿ ಸ್ಥಾನ ದೊರೆಯಿತು. ಹುರುಳಿ, ಹಿಂಡಿ, ರಾಗಿ ಹುಲ್ಲುಗಳನ್ನು ತಿಂದು, ದಿನವೂ ಮೈ ತೊಳೆಸಿಕೊಂಡು ಬೆಳೆದ ಈ ಎತ್ತುಗಳ ಪೈಕಿ ಎಷ್ಟೋ ಎತ್ತುಗಳ ಹೆಗಲಿಗೆ ನೇಗಿಲು ತಗುಲಿಯೇ ಇಲ್ಲವೆಂದು ಬೀಗರು ಹೇಳಿದರು. ಉಳುಮೆಗೆಂದು ಎತ್ತು ಸಾಕುವವರು ಕಡಿಮೆಯಾಗಿದ್ದಾರೆ. ಓಟದ ಹುಮ್ಮಸ್ಸಿನಿಂದ ಸಾಕುವವರ ಹಟ್ಟಿಗಳಲ್ಲಿ ತಳಿ ಉಳಿದುಕೊಂಡಿದೆ.

ಓಟ ಆರಂಭವಾಯಿತು. ಒಂದು ಸಲಕ್ಕೆ ಎರಡು ಗಾಡಿ. ಹೊರೆ ಹೊರುವ ಗಾಡಿಗಳಲ್ಲ, ಓಟಕ್ಕೆಂದೇ ಹಗುರವಾಗಿ ಮಾಡಿಸಿದವು. ನಿಶಾನೆ ಬಿದ್ದೊಡನೆ ಧೂಳಿನ ಗೋಡೆಯೊಂದು ಎದ್ದು, ಅದರೊಳಗಿನಿಂದ ಗೊರಸಿನ ಸದ್ದು ಬಂದು, ಕಣ್ಣು ಮಿಟುಕಿಸುವಷ್ಟರಲ್ಲಿ ಗಾಡಿಗಳು ಗುರಿ ಮುಟ್ಟಿರುತ್ತಿದ್ದುವು. ಗೆದ್ದ ಜೋಡಿ ಮುಂದಿನ ಸುತ್ತಿಗೆ, ಸೋತದ್ದು ಮನೆಗೆ.

“ತಾತ, ಇವು ಸುತ್ತು ಹೊಡೆಯುವುದಿಲ್ಲವೇ?” ಎಂದು ಮೊಮ್ಮಗ ಕೇಳಿದ. ಅವನು ಹಾಗೆ ಕೇಳಿದ್ದಕ್ಕೆ ಕಾರಣವಿದೆ. ನಮ್ಮ ಮಗನ ಮನೆಯಿರುವುದು ಅಮೆರಿಕೆಯ ಉತ್ತರ ಕೆರೊಲಿನಾದ ಷಾರ್ಲಟ್ ನಗರದಲ್ಲಿ. ಅಲ್ಲಿ ಕಾರಿನ ಓಟವೆಂದರೆ ಜನರಿಗೆ ಹಬ್ಬ. ಕೆಲವು ವರ್ಷಗಳ ಹಿಂದೆ ನಾವು ಹೋಗಿದ್ದಾಗ ಮೇ ತಿಂಗಳ ಕೊನೆಯ ಒಂದು ಸಂಜೆ ಮಗ ನಮ್ಮನ್ನು ಅದಕ್ಕೆ ಕರೆದೊಯ್ದಿದ್ದ. 1960ರಲ್ಲಿ ಆರಂಭವಾದ ಆ ಓಟದ ಹಾದಿಯ ಸುತ್ತಳತೆ ಒಂದೂವರೆ ಮೈಲಿ. ತಿರುವುಗಳಲ್ಲಿ ನೆಲವನ್ನು ಬಟ್ಟಲಿನ ಅಂಚಿನಂತೆ 24 ಡಿಗ್ರಿಗಳಷ್ಟು ಓರೆಯಾಗಿ ಎತ್ತರಿಸಿದ್ದಾರೆ. ಇಲ್ಲವಾದರೆ ಅಂಥ ವೇಗದಲ್ಲಿ ತಿರುಗುವ ಕಾರು ಹೊರಕ್ಕೆ ಜಾರಿಹೋದೀತು. ಸುಮಾರು ನಲವತ್ತು ಕಾರುಗಳು ಸದಾ ಎಡಕ್ಕೇ ತಿರುಗುತ್ತ 400 ಸುತ್ತು, ಅಂದರೆ 600 ಮೈಲಿ ಓಡುತ್ತವೆ. ಕಿವಿಗೆ ಹತ್ತಿ ತುರುಕಿಕೊಂಡು ಕುಳಿತಿದ್ದರೂ ಆ ಸದ್ದು ನಮ್ಮ ಎದೆಯನ್ನು ನಡುಗಿಸುತ್ತಿತ್ತು.

ಆ ಓಟಕ್ಕೆ ‘ಸ್ಟಾಕ್ ಕಾರ್’ ಓಟವೆಂದು ಹೆಸರು. ಅಂಗಡಿಯಲ್ಲಿ ಯಾರು ಬೇಕಾದರೂ ಕೊಳ್ಳಬಹುದಾದ ಸಾಮಾನ್ಯ ಕಾರು ಎಂದು ಅದರ ಮೂಲಾರ್ಥ. ಮನೆಮಂದಿಯನ್ನು ಹೊತ್ತು ತಿರುಗುವ ಕಾರನ್ನೇ ಆಗ ಓಟಕ್ಕೂ ಬಿಡುತ್ತಿದ್ದರು. ಇಂದಾದರೋ ಆ ಕಾರುಗಳು ಹೊರನೋಟಕ್ಕೆ ಮಾತ್ರ ಮನೆಯ ಕಾರಿನಂತಿವೆ. ನಮ್ಮ ಗಾಡಿಯ ಕಥೆಯೂ ಬೇರೆಯಲ್ಲ. ಹೊಲ ಉತ್ತ ಎತ್ತು, ಗೊಬ್ಬರ ಹೊತ್ತ ಗಾಡಿ, ಸುಗ್ಗಿ ಮುಗಿದ ಮೇಲೆ ಒಂದು ದಿನ ಓಡಿ ನಲಿಯುತ್ತಿದ್ದುವು. ಈಗ ಓಟವೇ ಅವುಗಳ ಕಾಯಕವಾಗಿದೆ. ಬೆರಗಿನಿಂದ ನೋಡುತ್ತಿದ್ದ ಮೊಮ್ಮಗನಿಗೆ ಇಷ್ಟನ್ನು ವಿವರಿಸುತ್ತಿರುವಾಗಲೇ ಆ ಘಟನೆ ನಡೆಯಿತು.

ಮಧ್ಯಾಹ್ನ ಮೀರಿತ್ತು. ಕೊನೆಯ ಸುತ್ತಿಗೆ ಮುಂಚಿನ ಓಟ. ಒಂದು ಗಾಡಿಯಲ್ಲಿ ಅರವತ್ತು ದಾಟಿದ ಯಜಮಾನರೊಬ್ಬರು, ಮತ್ತೊಂದರಲ್ಲಿ ತರುಣನೊಬ್ಬ. ಯಜಮಾನರ ಕೈಯಲ್ಲಿ ಹಗ್ಗವಲ್ಲದೆ ಬೇರೇನೂ ಇರಲಿಲ್ಲ. ಅವರ ಜೋಡಿ ಅರ್ಧ ಹಾದಿಗೆಲ್ಲ ಒಂದು ಗಾಡಿಯಷ್ಟು ಮುಂದಿತ್ತು. ಜನರೆಲ್ಲ ಎದ್ದು ನಿಂತು ಕೂಗುತ್ತಿದ್ದರು. ಇದ್ದಕ್ಕಿದ್ದಂತೆ ಯಜಮಾನರು ಹಿಂದಕ್ಕೆ ವಾಲಿ ಹಗ್ಗವನ್ನು ಜಗ್ಗಿದರು. ಎತ್ತುಗಳು ತಡವರಿಸುತ್ತ ನಿಂತುವು. ಪಕ್ಕದ ಹಾದಿಯಲ್ಲಿ ತರುಣನು ಕೋಲಿನಿಂದ ಎತ್ತುಗಳ ಬೆನ್ನಿಗೆ ಬಾರಿಸುತ್ತ ಮುಂದೆ ಹೋಗಿ ಗುರಿ ಮುಟ್ಟಿದನು. ಕೇಕೆ ಮುಗಿಲು ಮುಟ್ಟಿತು. ನಾವೂ ಚಪ್ಪಾಳೆ ತಟ್ಟಿದೆವು. ಇದನ್ನು ಮುಚ್ಚಿಡುವುದು ಸರಿಯಲ್ಲ. ಆ ಗಳಿಗೆಯಲ್ಲಿ ಓಟದ ಅಮಲು ನಮ್ಮ ತಲೆಗೂ ಏರಿತ್ತು.

ಧೂಳು ಇಳಿದ ಮೇಲೆ ತಿಳಿಯಿತು, ಯಜಮಾನರ ಬಲಗಡೆಯ ಎತ್ತು ಮುಂಗಾಲನ್ನು ಕುಂಟುತ್ತಿತ್ತು. ಅವರ ಮಗ ಓಡಿಬಂದು, “ಇನ್ನೊಂದ್ ನಾಕ್ ಮಾರು ಬುಟ್ಟಿದ್ರೆ ಗೆಲ್ತಿತ್ತಲ್ಲಪ್ಪಾ! ಒಂದ್ ವರ್ಸದ ಹುಳ್ಳಿ ಹಿಂಡಿ ಎಲ್ಲಾ ನೀರ್ ಪಾಲಾಯ್ತಲ್ಲ” ಎಂದು ಗೋಳಾಡಿದನು. ತಂದೆ ಉತ್ತರ ಕೊಡಲಿಲ್ಲ. ನೊಗ ಇಳಿಸಿ, ಎತ್ತಿನ ಕಾಲನ್ನು ತೊಡೆಯ ಮೇಲಿಟ್ಟುಕೊಂಡು ಗೊರಸನ್ನು ನೋಡುತ್ತ ಕುಳಿತರು.

“ಮೊದಲು ಮುಟ್ಟಿದವರೇ ಗೆದ್ದಂತೆ, ಅಲ್ಲವೇ ತಾತ?” ಎಂದ ಮೊಮ್ಮಗ. ಅದಕ್ಕೆ ಉತ್ತರವಾಗಿ ಅವನ ಊರಿನದೇ ಒಂದು ಕಥೆ ನಮ್ಮ ನೆನಪಿಗೆ ಬಂದಿತು. ಕಾರಿನ ಓಟವನ್ನು ನಡೆಸುವ ನ್ಯಾಸ್ಕಾರ್ ಸಂಸ್ಥೆ ಸ್ಥಾಪನೆಯಾದದ್ದು 1948ರಲ್ಲಿ. ಸಾಮಾನ್ಯ ಕಾರುಗಳಿಗೇ ಮೀಸಲಾದ ಅದರ ಮೊದಲ ಓಟ 1949ರ ಜೂನ್ 19ರಂದು ಷಾರ್ಲಟ್‌ನ ಒಂದು ಮಣ್ಣಿನ ಹಾದಿಯಲ್ಲಿ ನಡೆಯಿತು. ಗ್ಲೆನ್ ಡನವೇ ಎಂಬಾತನ ಕಾರು ಎಲ್ಲರಿಗಿಂತ ಮೊದಲು ಗುರಿ ಮುಟ್ಟಿತು. ಓಟ ಮುಗಿದ ಮೇಲೆ ಪರೀಕ್ಷಿಸಿದಾಗ ಆ ಕಾರಿನ ಹಿಂಭಾಗದ ಸ್ಪ್ರಿಂಗುಗಳನ್ನು ನಿಯಮಕ್ಕೆ ವಿರುದ್ಧವಾಗಿ ಬದಲಿಸಿರುವುದು ತಿಳಿದುಬಂದಿತು. ಕಳ್ಳಭಟ್ಟಿ ಸಾಗಿಸುವವರು ಹೊರೆ ತಾಳಲೆಂದು ಮಾಡಿಸುತ್ತಿದ್ದ ಉಪಾಯವದು. ಪಂಚರು ಡನವೇಯನ್ನು ಕೈಬಿಟ್ಟು, ಎರಡನೆಯವನಾಗಿ ಬಂದ ಜಿಮ್ ರೋಪರನನ್ನು ವಿಜಯಿಯೆಂದು ಸಾರಿದರು. ಮೊಟ್ಟಮೊದಲ ಓಟದಲ್ಲಿಯೇ ಮೊದಲು ಮುಟ್ಟಿದವನು ಗೆಲ್ಲಲಿಲ್ಲ. ಓಟಕ್ಕಿಂತ ನಿಯಮ ದೊಡ್ಡದೆಂದು ಅಂದು ತೀರ್ಮಾನವಾದದ್ದರಿಂದಲೇ ಆ ಆಟ ಇಷ್ಟು ಕಾಲ ಬಾಳಿತೆಂದು ನಾವು ಭಾವಿಸುತ್ತೇವೆ.

ಇನ್ನೊಂದು ಸಂಗತಿ. 2001ರ ಫೆಬ್ರವರಿ 18ರಂದು ಡೇಟೋನಾದ ಓಟದ ಕೊನೆಯ ಸುತ್ತಿನಲ್ಲಿ, ಏಳು ಬಾರಿ ಚಾಂಪಿಯನ್ ಆಗಿದ್ದ ಡೇಲ್ ಅರ್ನ್‌ಹಾರ್ಟ್ ಅವರ ಕಾರು ಗೋಡೆಗೆ ಅಪ್ಪಳಿಸಿ ಅವರು ತೀರಿಕೊಂಡರು. ಅದೇ ವರ್ಷ, ಕತ್ತು ಮುಂದಕ್ಕೆ ಜಗ್ಗದಂತೆ ತಡೆಯುವ ಪಟ್ಟಿಯನ್ನು ಎಲ್ಲ ಚಾಲಕರೂ ಧರಿಸಲೇಬೇಕೆಂಬ ನಿಯಮ ಬಂದಿತು. ಅಪಾಯವನ್ನು ಅರಿತು, ತಾನಾಗಿ ಒಪ್ಪಿ ಓಡುವ ಮನುಷ್ಯನಿಗೇ ಇಷ್ಟು ರಕ್ಷಣೆ ಬೇಕಾದರೆ, ಒಪ್ಪಿಗೆ ಕೊಡಲು ಬಾಯಿಲ್ಲದ ಎತ್ತಿಗೆ ಇನ್ನೆಷ್ಟು ಬೇಕು?

ಈ ಪ್ರಶ್ನೆಯನ್ನು ನಮ್ಮ ನ್ಯಾಯಾಲಯವೂ ಕೇಳಿತ್ತು. 1960ರ ಪ್ರಾಣಿಹಿಂಸೆ ತಡೆ ಕಾಯಿದೆಯ ಆಧಾರದ ಮೇಲೆ ಸುಪ್ರೀಂ ಕೋರ್ಟು 2014ರ ಮೇ 7ರಂದು ಜಲ್ಲಿಕಟ್ಟನ್ನೂ ಎತ್ತಿನ ಗಾಡಿಯ ಓಟವನ್ನೂ ನಿಷೇಧಿಸಿತು. ಕರ್ನಾಟಕವು 2017ರಲ್ಲಿ ಆ ಕಾಯಿದೆಗೆ ತಿದ್ದುಪಡಿ ತಂದು, ಎತ್ತುಗಳಿಗೆ ಅನಗತ್ಯವಾದ ನೋವು, ಯಾತನೆಗಳು ಆಗಬಾರದೆಂಬ ಷರತ್ತಿನೊಡನೆ ಕಂಬಳಕ್ಕೂ ಗಾಡಿಯ ಓಟಕ್ಕೂ ಅವಕಾಶ ನೀಡಿತು. 2023ರ ಮೇ 18ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠವು ಈ ತಿದ್ದುಪಡಿಯನ್ನು ಎತ್ತಿಹಿಡಿಯಿತು. ಇನ್ನು ಓಟಕ್ಕೆ ಅಡ್ಡಿಯಿಲ್ಲವೆಂದು ಹಳ್ಳಿಹಳ್ಳಿಗಳಲ್ಲಿ ಸಂತಸಪಟ್ಟರು. ಆದರೆ ನ್ಯಾಯಾಲಯವು ಕೊಟ್ಟದ್ದು ಅಪ್ಪಣೆ ಮಾತ್ರವಲ್ಲ. ಹೊಣೆಯನ್ನೂ ಮರಳಿ ನಮ್ಮ ಕೈಗೇ ಒಪ್ಪಿಸಿದೆ.

ಸಂಜೆ ಹಿಂತಿರುಗುವಾಗ ನಾಲೆಯ ಏರಿಯ ಬಳಿ ಆ ಯಜಮಾನರು ಮತ್ತೆ ಕಂಡರು. ಎತ್ತಿನ ಕಾಲಿಗೆ ನೀರು ಎರಚುತ್ತಿದ್ದರು. ನಮ್ಮ ಹಣೆಯ ವಿಭೂತಿಯನ್ನು ಕಂಡು, “ಶರಣು ಸ್ವಾಮಿ” ಎಂದು ಕೈಮುಗಿದರು. “ಯಜಮಾನರೇ, ಮುಂದಿದ್ದವರು ನಿಲ್ಲಿಸಿಬಿಟ್ಟಿರಲ್ಲ, ಬೇಸರವಾಗಲಿಲ್ಲವೇ?” ಎಂದು ಕೇಳಿದೆವು.

“ಆಗ್ದೆ ಇರ್ತದಾ ಸ್ವಾಮಿ? ಮಗ ಇನ್ನೂ ಮಾತಾಡ್ತಿಲ್ಲ. ಆದ್ರೆ ಕಾಲ್ ತಪ್ಪಿದ್ದು ಹಗ್ಗದಾಗೇ ನಂಗೆ ಗೊತ್ತಾಯ್ತು ಕನಾ. ಗೊತ್ತಾದ್ ಮ್ಯಾಲೆ ಓಡ್ಸಿದ್ರೆ, ನಾಳೆ ಬೆಳಗ್ಗೆ ಹಟ್ಟೀಲಿ ಇದರ ಮುಖ ನೋಡೋದು ಹ್ಯಾಂಗೆ?” ಎಂದರು. ಮೊಮ್ಮಗ ಬೀಗರ ಮನೆಯಲ್ಲಿ ಕೊಟ್ಟಿದ್ದ ಬೆಲ್ಲದ ಚೂರನ್ನು ಅಂಗೈಯಲ್ಲಿಟ್ಟು ಚಾಚಿದ. ಎತ್ತು ಮೊದಲು ಮೂಸಿ, ಆಮೇಲೆ ನೆಕ್ಕಿತು.

ಬಸವ ಎಂಬುದು ಎತ್ತಿಗೂ ಹೆಸರು, ನಮ್ಮ ಧರ್ಮಗುರುವಿಗೂ ಹೆಸರು. ಸಂಕ್ರಾಂತಿಯಂದು ಎತ್ತಿನ ಕೊಂಬಿಗೆ ಬಣ್ಣ ಬಳಿದು ಪೂಜಿಸುತ್ತೇವೆ. ಬೇಬಿ ಬೆಟ್ಟ, ಸುತ್ತೂರುಗಳ ಜಾತ್ರೆಗಳಲ್ಲಿ ದನಗಳ ಪರಿಷೆಯನ್ನು ಕಂಡು ಹೆಮ್ಮೆಪಡುತ್ತೇವೆ. ಸಕಲ ಜೀವಗಳಲ್ಲಿ ದಯೆಯಿಲ್ಲದ ಕಡೆ ಧರ್ಮ ನಿಲ್ಲಲಾರದೆಂದು ಆ ಗುರು ಹನ್ನೆರಡನೆಯ ಶತಮಾನದಲ್ಲಿಯೇ ತಿಳಿಸಿಕೊಟ್ಟ. ಅದನ್ನು ಜಗಲಿಯ ಮೇಲೆ ನೆನೆಯುವುದು ಸುಲಭ. ಗೆಲುವು ನಾಲ್ಕು ಮಾರು ದೂರದಲ್ಲಿರುವಾಗ ನೆನೆಯುವುದು ಕಷ್ಟ. ಆ ಯಜಮಾನರು ಅಲ್ಲಿ ನೆನೆದರು. ನಾವು ಅಲ್ಲಿ ಮರೆತು ಚಪ್ಪಾಳೆ ತಟ್ಟಿದೆವು.

ಓಟ ಬೇಡವೆಂದು ನಾವು ಹೇಳುವುದಿಲ್ಲ. ಅದಿಲ್ಲವಾದರೆ ಹಳ್ಳಿಕಾರ್ ಸಾಕುವ ಎಷ್ಟೋ ಹಟ್ಟಿಗಳು ಬರಿದಾದಾವು. ಆದರೆ ನಮ್ಮ ಬಂಧುಗಳು ಓಟಕ್ಕೆ ದೇಣಿಗೆ ಕೊಡುವಾಗ ಒಂದು ಮಾತು ಕೇಳಲಿ: ಅಖಾಡದಲ್ಲಿ ಪಶುವೈದ್ಯರಿರುವರೇ? ನೀರು, ನೆರಳು ಇವೆಯೇ? ಎತ್ತಿಗೆ ಹೊಡೆದವನನ್ನು, ಅವನು ಮೊದಲು ಬಂದರೂ, ಪಂಚರು ಕೈಬಿಡುವರೇ? ಹೌದೆಂದರೆ ಧಾರಾಳವಾಗಿ ಕೊಡಲಿ, ಮಕ್ಕಳನ್ನೂ ಕರೆದೊಯ್ಯಲಿ. ಮುಂದಿನ ವರ್ಷ ಕೊತ್ತತ್ತಿಯ ಬಯಲಿನಲ್ಲಿ ಹಗ್ಗ ಜಗ್ಗಿ ನಿಲ್ಲಿಸುವ ಯಜಮಾನರೊಬ್ಬರು ಕಂಡರೆ, ನಮ್ಮ ಚಪ್ಪಾಳೆ ಮೊದಲು ಅವರಿಗೆ ಸಲ್ಲಲಿ.